ತುಟಿಯ ಊತ, ಒಸಡಿನ ಬಣ್ಣ: ಜೇನುನೊಣ ಕುಟುಕಿದ ನಾಯಿಯೊಂದರ ಪ್ರಕರಣ ಅಧ್ಯಯನ

ಚುಕ್ಕಿ ನಾಲ್ಕು ವರ್ಷದ, 12 ಕಿಲೋ ತೂಕದ, ಸಂತಾನಹರಣ ಶಸ್ತ್ರಚಿಕಿತ್ಸೆಯಾದ ಮಿಶ್ರತಳಿಯ ಹೆಣ್ಣುನಾಯಿ. ಲಸಿಕೆಗಳೆಲ್ಲ ಕಾಲಕಾಲಕ್ಕೆ ಆಗಿದ್ದವು. ಹೃದಯ, ಮೂತ್ರಪಿಂಡ, ಚರ್ಮ ಯಾವುದರ ತೊಂದರೆಯೂ ಹಿಂದೆ ಕಂಡಿರಲಿಲ್ಲ. ನಮ್ಮ ಪಶು ಆಸ್ಪತ್ರೆಯಲ್ಲಿರುವ ಅದರ ಕಡತದಲ್ಲಿ ಈ ಪ್ರಕರಣಕ್ಕೆ ಸಂಬಂಧಿಸಿದ ಒಂದೇ ಒಂದು ಟಿಪ್ಪಣಿ ಇತ್ತು. ಸುಮಾರು ಹನ್ನೊಂದು ತಿಂಗಳ ಹಿಂದೆ ಬಲ ಮುಂಗಾಲಿನ ಪಾದಕ್ಕೆ ಜೇನುನೊಣ ಕುಟುಕಿ, ಪಾದ ಊದಿ, ಎರಡು ದಿನ ಕುಂಟಿ, ಮೂರನೆಯ ದಿನಕ್ಕೆ ಸರಿಹೋಗಿತ್ತು. ಆಗ ನಾವು ಪರೀಕ್ಷಿಸಿ, ತಣ್ಣನೆಯ ಬಟ್ಟೆ ಇಡುವಂತೆ ಹೇಳಿ ಮನೆಗೆ ಕಳುಹಿಸಿದ್ದೆವು. ಮತ್ತೊಮ್ಮೆ ಕುಟುಕಿದರೆ ಏನನ್ನು ಗಮನಿಸಬೇಕೆಂಬ ಬಗ್ಗೆ ಒಂದು ಮಾತನ್ನೂ ಹೇಳಿರಲಿಲ್ಲ. ಆ ಲೋಪ ನಮ್ಮದು. ಮುಂದೆ ನಡೆದುದರಲ್ಲಿ ಅದಕ್ಕೂ ಪಾಲಿದೆ ಎಂಬುದರಿಂದ ಅದನ್ನು ಮೊದಲೇ ದಾಖಲಿಸುತ್ತಿದ್ದೇನೆ.

ಘಟನೆ

ಬೆಳಗ್ಗೆ 7 ಗಂಟೆ 10 ನಿಮಿಷದ ಹೊತ್ತಿಗೆ ಚುಕ್ಕಿ ಹೂಗಿಡಗಳ ನಡುವೆ ಹಾರಾಡುತ್ತಿದ್ದ ನೊಣವೊಂದಕ್ಕೆ ಬಾಯಿ ಹಾಕಿತು. ಕೂಡಲೇ ಕಿರುಚಿ, ಮುಂಗಾಲಿನಿಂದ ಮೂತಿಯನ್ನು ಉಜ್ಜಿಕೊಳ್ಳತೊಡಗಿತು. ಅದನ್ನು ಸಾಕಿದ ಮಹಿಳೆ ಹತ್ತಿರದಲ್ಲೇ ಇದ್ದರು. ಅವರು ತುಟಿಯನ್ನು ಮೇಲೆತ್ತಿ ನೋಡಿದಾಗ ಮೇಲ್ದುಟಿಯ ಎಡಭಾಗದಲ್ಲಿ ಸಣ್ಣ ಕಪ್ಪು ಮುಳ್ಳೂ ಅದರ ತುದಿಯಲ್ಲಿ ಬಿಳಿಯ ಚೀಲವೂ ಕಂಡವು. ಚಿಮುಟ ತರಲು ಒಳಗೆ ಓಡದೆ ಉಗುರಿನಿಂದಲೇ ಮುಳ್ಳನ್ನು ಕಿತ್ತರು. ಅವರ ಅಂದಾಜಿನಂತೆ ಕುಟುಕಿದಾಗಿನಿಂದ ಅದಕ್ಕೆ ಅರ್ಧ ನಿಮಿಷವೂ ಹಿಡಿದಿರಲಿಲ್ಲ.

ಹಿಂದಿನ ಬಾರಿಯ ಅನುಭವ ಅವರಿಗೆ ಧೈರ್ಯ ಕೊಟ್ಟಿತ್ತು. ಅಡುಗೆ ಸೋಡಾವನ್ನು ನೀರಿನಲ್ಲಿ ಕಲಸಿ ತುಟಿಗೆ ಹಚ್ಚಿದರು. ಚುಕ್ಕಿ ಅದನ್ನು ನೆಕ್ಕಿತು. ಅನಂತರ ಮಂಜುಗಡ್ಡೆಯನ್ನು ಬಟ್ಟೆಯಲ್ಲಿ ಸುತ್ತಿ ತುಟಿಗೆ ಒತ್ತಿ ಹಿಡಿದರು. ತುಟಿ ಸ್ವಲ್ಪ ಊದಿತ್ತು, ಆದರೆ ಊತ ಏರುತ್ತಿರಲಿಲ್ಲ. 7 ಗಂಟೆ 18 ನಿಮಿಷಕ್ಕೆ ನಾಯಿ ವಾಂತಿ ಮಾಡಿತು. ನೆಕ್ಕಿದ ಸೋಡಾ ಹೊಟ್ಟೆಗೆ ಹೋದುದರಿಂದ ವಾಂತಿಯಾಗಿರಬೇಕು ಎಂದು ಅವರು ತಿಳಿದರು, ಆ ಕ್ಷಣದಲ್ಲಿ ಅದು ಸಹಜವಾದ ಊಹೆಯೇ. ನಾಲ್ಕು ನಿಮಿಷದ ನಂತರ ಇನ್ನೊಂದು ವಾಂತಿಯಾಯಿತು. ಜೊತೆಗೆ, ಮನೆಯೊಳಗೆ ಎಂದೂ ಗಲೀಜು ಮಾಡದ ನಾಯಿ ನಿಂತಲ್ಲೇ ತೆಳ್ಳಗೆ ಭೇದಿ ಮಾಡಿತು. ಅವರು ತುಟಿಯನ್ನು ಮತ್ತೆ ನೋಡಿದರು. ಊತ ಮೊದಲಿಗಿಂತ ಕಡಿಮೆಯಾದಂತೆ ಕಂಡಿತು. ಇದರಿಂದ ಸಮಾಧಾನಗೊಂಡು ನೆಲ ಒರೆಸಲು ಹೋದರು.

ತಿರುಗಿ ಬಂದಾಗ ಚುಕ್ಕಿ ಗೋಡೆಗೆ ಒರಗಿ ನಿಂತಿತ್ತು, ಹಿಂಗಾಲುಗಳು ಕುಸಿಯುತ್ತಿದ್ದವು, ಕರೆದರೆ ತಲೆ ಎತ್ತಲಿಲ್ಲ. 7 ಗಂಟೆ 27 ನಿಮಿಷಕ್ಕೆ ಅವರು ನಮಗೆ ಫೋನ್ ಮಾಡಿದರು. ಮನೆಯಲ್ಲಿ ಮನುಷ್ಯರಿಗಾಗಿ ತಂದಿಟ್ಟ ಅಲರ್ಜಿ ಮಾತ್ರೆ ಇದೆ, ಅರ್ಧ ಕೊಡಲೇ ಎಂಬುದು ಅವರ ಮೊದಲ ಪ್ರಶ್ನೆಯಾಗಿತ್ತು. ಒಸಡು ಯಾವ ಬಣ್ಣದಲ್ಲಿದೆ ಎಂದು ನಾವು ಕೇಳಿದೆವು. ತುಟಿ ಎತ್ತಿ ನೋಡಿ, "ಬೆಳ್ಳಗಿದೆ, ಕಾಗದದ ಹಾಗೆ" ಎಂದರು. ಬಾಯಿಗೆ ಏನನ್ನೂ ಹಾಕಬೇಡಿ, ನಡೆಸಬೇಡಿ, ಕುತ್ತಿಗೆ ಪಟ್ಟಿ ಬಿಚ್ಚಿ, ಎತ್ತಿಕೊಂಡು ಕೂಡಲೇ ಹೊರಡಿ ಎಂದು ಹೇಳಿದೆವು. 7 ಗಂಟೆ 46 ನಿಮಿಷಕ್ಕೆ ಅವರು ಬಂದು ತಲುಪಿದರು.

ಬಂದಾಗಿನ ಸ್ಥಿತಿ ಮತ್ತು ಚಿಕಿತ್ಸೆ

ನಾಯಿಗೆ ಎಚ್ಚರವಿತ್ತು, ಆದರೆ ಮಲಗಿದಲ್ಲಿಂದ ಏಳುತ್ತಿರಲಿಲ್ಲ. ಹೃದಯ ನಿಮಿಷಕ್ಕೆ 190ರಷ್ಟು ಬಡಿಯುತ್ತಿತ್ತು, ತೊಡೆಯ ಒಳಭಾಗದ ನಾಡಿ ಬೆರಳಿಗೆ ಸಿಗುವುದೇ ಕಷ್ಟವಾಗಿತ್ತು. ಒಸಡನ್ನು ಬೆರಳಿನಿಂದ ಒತ್ತಿ ಬಿಟ್ಟರೆ ಆರೋಗ್ಯವಂತ ನಾಯಿಯಲ್ಲಿ ಎರಡು ಸೆಕೆಂಡಿನೊಳಗೆ ಬಣ್ಣ ಮರಳುತ್ತದೆ. ಇಲ್ಲಿ ಮೂರು ಸೆಕೆಂಡು ಮೀರಿತು. ಪಾದಗಳು ತಣ್ಣಗಿದ್ದವು. ಮೈಮೇಲೆ ಎಲ್ಲಿಯೂ ದದ್ದುಗಳಿರಲಿಲ್ಲ. ತುಟಿಯ ಊತ ಗೋಡಂಬಿಯಷ್ಟು ದೊಡ್ಡದಾಗಿತ್ತು, ಅಷ್ಟೇ.

ಇಡೀ ದೇಹವನ್ನು ಒಮ್ಮೆಲೇ ಹಿಡಿಯುವ ತೀವ್ರ ಅಲರ್ಜಿ, ಅಂದರೆ ಅನಾಫಿಲ್ಯಾಕ್ಸಿಸ್, ಎಂದು ನಿರ್ಧರಿಸಿ, ತೊಡೆಯ ಸ್ನಾಯುವಿಗೆ ಅಡ್ರಿನಲಿನ್ ಚುಚ್ಚಿದೆವು. ಕಿಲೋಗೆ 0.01 ಮಿಲಿಗ್ರಾಂ ಲೆಕ್ಕದಲ್ಲಿ ಈ ನಾಯಿಗೆ 0.12 ಮಿಲಿಗ್ರಾಂ. ಮುಖವಾಡದ ಮೂಲಕ ಆಮ್ಲಜನಕ ಕೊಡುತ್ತಲೇ ರಕ್ತನಾಳಕ್ಕೆ ಸೂಜಿ ಹಾಕಿ ದ್ರವವನ್ನು ವೇಗವಾಗಿ ಹರಿಸಿದೆವು. ಅಲರ್ಜಿ ನಿರೋಧಕ ಚುಚ್ಚುಮದ್ದನ್ನೂ ಸ್ಟಿರಾಯ್ಡನ್ನೂ ಅನಂತರವೇ ಕೊಟ್ಟೆವು. ಈ ಕ್ರಮ ಮುಖ್ಯ. ಕುಸಿದ ರಕ್ತದೊತ್ತಡವನ್ನು ಎತ್ತಿ ಹಿಡಿಯುವ ಶಕ್ತಿ ಅಡ್ರಿನಲಿನ್‌ಗೂ ದ್ರವಕ್ಕೂ ಇದೆ. ಉಳಿದೆರಡು ಔಷಧಗಳು ನವೆ, ಊತಗಳನ್ನು ತಗ್ಗಿಸಬಲ್ಲವೇ ಹೊರತು ಆ ಗಳಿಗೆಯಲ್ಲಿ ಜೀವ ಉಳಿಸಲಾರವು.

ಹತ್ತು ನಿಮಿಷಕ್ಕೆ ನಾಡಿ ಬೆರಳಿಗೆ ಸಿಕ್ಕಿತು. ಅರ್ಧ ಗಂಟೆಯ ಹೊತ್ತಿಗೆ ಒಸಡಿಗೆ ತೆಳುಗುಲಾಬಿ ಬಣ್ಣ ಬಂದು, ಚುಕ್ಕಿ ಎದೆಯನ್ನು ನೆಲಕ್ಕೆ ಊರಿ ಎದ್ದು ಕುಳಿತಿತು. ಅಲ್ಟ್ರಾಸೌಂಡ್‌ನಲ್ಲಿ ಪಿತ್ತಕೋಶದ ಗೋಡೆ ನೀರು ತುಂಬಿ ದಪ್ಪಗಾಗಿ, ಸುತ್ತಲೂ ಬಳೆಯಂತೆ ಕಾಣುತ್ತಿತ್ತು. ರಕ್ತಪರೀಕ್ಷೆಯಲ್ಲಿ ಯಕೃತ್ತಿಗೆ ಪೆಟ್ಟಾದುದನ್ನು ಸೂಚಿಸುವ ಎಎಲ್‌ಟಿ ಕಿಣ್ವ ಏರಿತ್ತು. ಮಧ್ಯಾಹ್ನದೊಳಗೆ ಎರಡು ಬಾರಿ ರಕ್ತಮಿಶ್ರಿತ ಭೇದಿಯಾಯಿತು. ಸುಧಾರಿಸಿದ ನಂತರವೂ ಕೆಲವು ಗಂಟೆಗಳಲ್ಲಿ ಪ್ರತಿಕ್ರಿಯೆ ಮರುಕಳಿಸುವ ಸಾಧ್ಯತೆ ಇರುವುದರಿಂದ ಮರುದಿನ ಸಂಜೆಯವರೆಗೆ ನಮ್ಮಲ್ಲೇ ಇರಿಸಿಕೊಂಡೆವು. ಮರುಕಳಿಸಲಿಲ್ಲ.

ತುಟಿಯಲ್ಲಿ ಕುಟುಕಿದ್ದು ಹೊಟ್ಟೆಯಲ್ಲಿ ಕಾಣಿಸಿಕೊಂಡದ್ದೇಕೆ

ಈ ಪ್ರಕರಣದ ತಿರುಳು ಇಲ್ಲಿದೆ. ಮನುಷ್ಯರಿಗೆ ತೀವ್ರ ಅಲರ್ಜಿಯಾದಾಗ ಮೈಯೆಲ್ಲ ದದ್ದು ಏಳುವುದು, ಗಂಟಲು ಕಟ್ಟುವುದು, ಉಸಿರು ಸಿಕ್ಕಿಕೊಳ್ಳುವುದನ್ನು ನಾವು ಕೇಳಿದ್ದೇವೆ, ಹಲವರು ಕಂಡಿದ್ದಾರೆ. ನಾಯಿಯ ದೇಹದಲ್ಲಿ ಈ ಹೊಡೆತ ಮುಖ್ಯವಾಗಿ ಬೀಳುವುದು ಯಕೃತ್ತಿನ ಮೇಲೆ ಮತ್ತು ಕರುಳಿನ ಮೇಲೆ. ಅಲರ್ಜಿಯಾದಾಗ ಕೆರಳುವ ದೇಹದ ಜೀವಕೋಶಗಳು ಹೊರಬಿಡುವ ಹಿಸ್ಟಮಿನ್ ಎಂಬ ರಾಸಾಯನಿಕ ಕರುಳಿನಿಂದ ನೇರವಾಗಿ ಯಕೃತ್ತಿಗೆ ಹರಿಯುತ್ತದೆ; ಯಕೃತ್ತಿನಿಂದ ರಕ್ತ ಹೊರಹೋಗುವ ನಾಳಗಳು ಬಿಗಿದುಕೊಳ್ಳುತ್ತವೆ; ಹೃದಯಕ್ಕೆ ಮರಳಬೇಕಾದ ರಕ್ತ ಯಕೃತ್ತು, ಕರುಳುಗಳಲ್ಲೇ ಮಡುಗಟ್ಟಿ ನಿಲ್ಲುತ್ತದೆ. ವಾಂತಿ, ಭೇದಿ, ಬಿಳಿಚಿದ ಒಸಡು, ಕುಸಿಯುವ ಹಿಂಗಾಲು, ಎಲ್ಲವೂ ಆ ಒಂದೇ ಮಡುವಿನಿಂದ ಹುಟ್ಟಿದ ಲಕ್ಷಣಗಳು. ಪಿತ್ತಕೋಶದ ಸುತ್ತ ಕಂಡ ನೀರಿನ ಬಳೆಗೂ, ಏರಿದ ಕಿಣ್ವಕ್ಕೂ ಅದೇ ಕಾರಣ.

ತುಟಿಯ ಊತ ಇಳಿದಂತೆ ಕಂಡಿತು ಎಂದು ಸಾಕಿದವರು ಹೇಳಿದುದನ್ನು ನಾನು ಹಲವು ಬಾರಿ ಯೋಚಿಸಿದ್ದೇನೆ. ತುಟಿಗೆ ಬರಬೇಕಾದ ರಕ್ತವೇ ತಗ್ಗುತ್ತಿದ್ದಾಗ ಊತ ಚಿಕ್ಕದಾಗಿ ಕಂಡಿದ್ದರೆ ಅದರಲ್ಲಿ ಆಶ್ಚರ್ಯವಿಲ್ಲ. ಅವರು ಅದನ್ನು ಗುಣವಾಗುವ ಸೂಚನೆಯೆಂದು ಓದಿದರು. ಕಣ್ಣು, ಮೂತಿಗಳೆಲ್ಲ ಬಲೂನಿನಂತೆ ಊದಿಕೊಂಡು ಬರುವ ನಾಯಿಗಳನ್ನು ಕಂಡರೆ ಮನೆಯವರು ಗಾಬರಿಯಾಗುತ್ತಾರೆ, ಅಂಥ ನಾಯಿಗಳಲ್ಲಿ ಹೆಚ್ಚಿನವು ಒಸಡು ಗುಲಾಬಿಯಾಗಿಯೇ ಇದ್ದು ಸುಲಭವಾಗಿ ಚೇತರಿಸಿಕೊಳ್ಳುತ್ತವೆ. ಊತವೇ ಕಾಣದ ನಾಯಿ ವಾಂತಿ ಮಾಡಿ ಮಲಗಿದರೆ, ಅದನ್ನು ಕರೆತರಲು ಮನೆಯವರು ತಡಮಾಡುತ್ತಾರೆ. ಕುಟುಕಿದ ಅರ್ಧ ಗಂಟೆಯೊಳಗೆ ಆಗುವ ಒಂದು ವಾಂತಿಯನ್ನೂ ಬೇರೆ ಕಾರಣಕ್ಕೆ ಹಚ್ಚದೆ, ಅಪಾಯವೆಂದೇ ಎಣಿಸಿ ಹೊರಡಬೇಕು ಎಂಬುದು ನನ್ನ ಖಚಿತ ಅಭಿಪ್ರಾಯ.

"ಹಿಂದಿನ ಸಲ ಏನೂ ಆಗಿರಲಿಲ್ಲವಲ್ಲ" ಎಂಬ ಅವರ ಮಾತಿಗೂ ಇಲ್ಲಿ ಉತ್ತರ ಹೇಳಬೇಕು. ಅನಾಫಿಲ್ಯಾಕ್ಸಿಸ್ ಎಂಬ ಪದ ಹುಟ್ಟಿದ್ದೇ ನಾಯಿಗಳ ಮೇಲಿನ ಪ್ರಯೋಗದಿಂದ. 1902ರಲ್ಲಿ ಫ್ರಾನ್ಸಿನ ಶಾರ್ಲ್ ರಿಶೆ ಮತ್ತು ಪೌಲ್ ಪೋರ್ಟಿಯೆ ಕಡಲಹೂವು ಎಂಬ ಸಮುದ್ರಜೀವಿಯ ವಿಷವನ್ನು ನಾಯಿಗಳಿಗೆ ಚುಚ್ಚಿ ನೋಡಿದರು. ಮೊದಲ ಬಾರಿಯ ವಿಷವನ್ನು ತಾಳಿಕೊಂಡ ನಾಯಿಗಳಿಗೆ ಕೆಲವು ವಾರಗಳ ನಂತರ ಅದಕ್ಕಿಂತ ಬಹಳ ಕಡಿಮೆ ಪ್ರಮಾಣವನ್ನು ಕೊಟ್ಟಾಗ ಅವು ವಾಂತಿ ಮಾಡಿ, ರಕ್ತಭೇದಿಯಾಗಿ, ಬೇಗನೆ ಸತ್ತವು. ಮೊದಲ ಸಲದ ವಿಷ ದೇಹವನ್ನು ಪಳಗಿಸುತ್ತದೆ ಎಂದು ಎಣಿಸಿದ್ದವರಿಗೆ ಅದು ದೇಹವನ್ನು ಕೆರಳಿಸಿಟ್ಟಿದ್ದು ಕಂಡಿತು. ರಿಶೆಗೆ ಈ ಕೆಲಸಕ್ಕಾಗಿ 1913ರಲ್ಲಿ ನೊಬೆಲ್ ಬಹುಮಾನ ಬಂದಿತು. ಚುಕ್ಕಿಯ ಪಾದಕ್ಕೆ ಕುಟುಕಿದ ಮೊದಲ ನೊಣವೂ ಇದನ್ನೇ ಮಾಡಿತ್ತು. ಎಲ್ಲ ನಾಯಿಗಳಲ್ಲೂ ಹೀಗಾಗುವುದಿಲ್ಲ. ಬಹುಪಾಲು ನಾಯಿಗಳು ಹತ್ತಾರು ಬಾರಿ ಕುಟುಕಿಸಿಕೊಂಡರೂ ಊತ, ನೋವುಗಳಷ್ಟರಲ್ಲೇ ಮುಗಿಯುತ್ತದೆ. ಆದರೆ ಹಿಂದಿನ ಸಲ ಸುಲಭದಲ್ಲಿ ಪಾರಾದುದು ಈ ಸಲಕ್ಕೆ ಭರವಸೆಯಾಗಲಾರದು.

ಮನೆಯಲ್ಲಿ ಮಾಡಿದ ಪ್ರಥಮ ಚಿಕಿತ್ಸೆಯ ಪರಿಶೀಲನೆ

ಮುಳ್ಳನ್ನು ಕೂಡಲೇ ಕಿತ್ತದ್ದು ಅತ್ಯಂತ ಸರಿಯಾದ ಕೆಲಸ. ಜೇನುನೊಣದ ಮುಳ್ಳಿಗೆ ಹಿಂದಕ್ಕೆ ಬಾಗಿದ ಕೊಕ್ಕೆಗಳಿವೆ. ಚರ್ಮದಲ್ಲಿ ಸಿಕ್ಕಿಕೊಂಡು, ವಿಷದ ಚೀಲ, ಅದರ ಸ್ನಾಯು, ನರಗಂಟಿನ ಸಮೇತ ನೊಣದ ದೇಹದಿಂದ ಕಿತ್ತುಬರುತ್ತದೆ. ನೊಣ ಹಾರಿಹೋದ ಮೇಲೂ ಆ ಸ್ನಾಯು ತಾನಾಗಿಯೇ ಮಿಡಿಯುತ್ತ ವಿಷವನ್ನು ಒಳಕ್ಕೆ ತಳ್ಳುತ್ತಿರುತ್ತದೆ. ಬಹುಪಾಲು ವಿಷ ಮೊದಲ ಇಪ್ಪತ್ತು ಸೆಕೆಂಡುಗಳಲ್ಲೇ ಒಳಹೋಗುತ್ತದೆ, ಒಂದು ನಿಮಿಷದ ಹೊತ್ತಿಗೆ ಚೀಲ ಬರಿದಾಗುತ್ತದೆ. ಚಿಮುಟದಿಂದ ಹಿಡಿದು ಎಳೆದರೆ ಚೀಲ ಹಿಂಡಿ ಹೆಚ್ಚು ವಿಷ ಇಳಿಯುತ್ತದೆ, ಆದುದರಿಂದ ಗಟ್ಟಿ ಕಾರ್ಡಿನ ಅಂಚಿನಿಂದ ಕೆರೆದೇ ತೆಗೆಯಬೇಕು ಎಂಬ ಸಲಹೆ ಬಹುಕಾಲದಿಂದ ಬಳಕೆಯಲ್ಲಿದೆ. ಕೆರೆದರೂ ಹಿಡಿದೆಳೆದರೂ ವ್ಯತ್ಯಾಸವಾಗುವುದಿಲ್ಲ, ತಡವಾದರೆ ಮಾತ್ರ ವ್ಯತ್ಯಾಸವಾಗುತ್ತದೆ ಎಂಬುದು ಪರೀಕ್ಷೆಯಿಂದ ತಿಳಿದ ವಿಷಯ. ಕಾರ್ಡು ಹುಡುಕುತ್ತ ಕಳೆಯುವ ಅರ್ಧ ನಿಮಿಷಕ್ಕಿಂತ ಕೈಯ ಉಗುರು ಮೇಲು. ಕಡಜದ ಹುಳು ಕುಟುಕಿದ್ದರೆ ಮುಳ್ಳು ಚರ್ಮದಲ್ಲಿ ಉಳಿದಿರುವುದಿಲ್ಲ; ಅದನ್ನು ಹುಡುಕುವ ಅಗತ್ಯವಿಲ್ಲ, ಅದೇ ಹುಳು ಮತ್ತೆ ಮತ್ತೆ ಕುಟುಕಬಲ್ಲದಾದುದರಿಂದ ಪ್ರಾಣಿಯನ್ನು ಅಲ್ಲಿಂದ ದೂರ ಒಯ್ಯುವುದೇ ಮೊದಲ ಕೆಲಸ.

ಅಡುಗೆ ಸೋಡಾದ ಬಗ್ಗೆ ನನ್ನ ಮಾತು ಸ್ವಲ್ಪ ಕಠಿಣವಾಗಿದೆ. ಜೇನಿನ ವಿಷ ಆಮ್ಲ, ಸೋಡಾ ಅದನ್ನು ಮುರಿಯುತ್ತದೆ; ಕಡಜದ ವಿಷಕ್ಕೆ ವಿನೆಗರ್ ಮದ್ದು ಎಂಬ ಮಾತು ಕೇಳಲು ತರ್ಕಬದ್ಧವಾಗಿದೆ. ಆದರೆ ಜೇನಿನ ವಿಷದ ನೋವಿಗೂ ಊತಕ್ಕೂ ಮುಖ್ಯ ಕಾರಣ ಮೆಲಿಟಿನ್, ಫಾಸ್ಫೋಲೈಪೇಸ್‌ನಂಥ ಪ್ರೋಟೀನು ವರ್ಗದ ವಸ್ತುಗಳು. ಅವು ಚರ್ಮದ ಕೆಳಗೆ ಇಳಿದಿರುತ್ತವೆ. ಮೇಲೆ ಹಚ್ಚಿದ ಲೇಪ ಅಲ್ಲಿಗೆ ತಲುಪುವುದಿಲ್ಲ. ಪಾದಕ್ಕೋ ಬೆನ್ನಿಗೋ ಹಚ್ಚಿದರೆ ದೊಡ್ಡ ಹಾನಿಯೇನೂ ಇಲ್ಲ. ಬಾಯಿಯ ಬಳಿ ಹಚ್ಚಿದಾಗ ಪ್ರಾಣಿ ಅದನ್ನು ನೆಕ್ಕುತ್ತದೆ, ಅದರಿಂದಲೂ ವಾಂತಿಯಾಗಬಹುದು. ಹಾಗಾದಾಗ ಅತ್ಯಂತ ಮುಖ್ಯವಾದ ಎಚ್ಚರಿಕೆಯ ಲಕ್ಷಣಕ್ಕೆ ಒಂದು ಸುಳ್ಳು ಕಾರಣ ಸಿದ್ಧವಾಗಿ ಕುಳಿತಿರುತ್ತದೆ. ಈ ಪ್ರಕರಣದಲ್ಲಿ ಸೋಡಾ ಮಾಡಿದ ಹಾನಿ ಅದೇ: ಒಂಬತ್ತು ನಿಮಿಷ.

ಬಟ್ಟೆಯಲ್ಲಿ ಸುತ್ತಿದ ಮಂಜುಗಡ್ಡೆ ನೋವನ್ನೂ ಊತವನ್ನೂ ತಗ್ಗಿಸುತ್ತದೆ. ಐದರಿಂದ ಹತ್ತು ನಿಮಿಷ ಇಟ್ಟು, ತೆಗೆದು, ಮತ್ತೆ ಇಡಬೇಕು. ಬರಿಯ ಮಂಜುಗಡ್ಡೆಯನ್ನು ಚರ್ಮಕ್ಕೆ ತಾಗಿಸಬಾರದು. ನೋವಿನಲ್ಲಿರುವ ಪ್ರಾಣಿ, ಎಷ್ಟೇ ಸಾಧುವಾದರೂ, ಕಚ್ಚಬಲ್ಲದು ಎಂಬುದನ್ನೂ ಮರೆಯಬಾರದು. ಹಾಗೆಂದು ವಾಂತಿ ಮಾಡುತ್ತಿರುವ ಅಥವಾ ಏದುಸಿರು ಬಿಡುತ್ತಿರುವ ನಾಯಿಯ ಬಾಯಿಯನ್ನು ಕಟ್ಟುವಂತಿಲ್ಲ.

ಮಾತ್ರೆಯ ಪ್ರಶ್ನೆಗೆ ನಾವು ಬೇಡವೆಂದದ್ದಕ್ಕೆ ಹಲವು ಕಾರಣಗಳಿದ್ದವು. ವಾಂತಿಯಾಗುತ್ತಿರುವ ನಾಯಿಯ ಹೊಟ್ಟೆಯಲ್ಲಿ ಮಾತ್ರೆ ನಿಲ್ಲುವುದಿಲ್ಲ, ಕುಸಿಯುತ್ತಿರುವ ನಾಯಿಗೆ ಅದು ಗಂಟಲಲ್ಲಿ ಸಿಕ್ಕಿಕೊಳ್ಳಬಹುದು, ಹೊಟ್ಟೆಯಲ್ಲಿ ನಿಂತರೂ ಕೆಲಸ ಮಾಡಲು ಬಹಳ ಹೊತ್ತು ಹಿಡಿಯುತ್ತದೆ. ಜೊತೆಗೆ, ಮನುಷ್ಯರ ಅಲರ್ಜಿ ಮತ್ತು ನೆಗಡಿ ಔಷಧಗಳಲ್ಲಿ ಕೆಲವು ಮಿಶ್ರಣಗಳಾಗಿರುತ್ತವೆ. ಮೂಗು ಕಟ್ಟಿದ್ದನ್ನು ಬಿಡಿಸಲು ಸೇರಿಸುವ ಸೂಡೊಎಫೆಡ್ರಿನ್ ನಾಯಿಗೆ ವಿಷ. ಕೆಲವು ದ್ರವ ಔಷಧಗಳಲ್ಲಿ ಸಿಹಿಗಾಗಿ ಬಳಸುವ ಜೈಲಿಟಾಲ್ ನಾಯಿಯ ರಕ್ತದ ಸಕ್ಕರೆಯನ್ನು ಅಪಾಯಕಾರಿಯಾಗಿ ಇಳಿಸುತ್ತದೆ. ನೋವಿಗೆಂದು ಐಬುಪ್ರೊಫೆನ್ ಕೊಡುವವರೂ ಇದ್ದಾರೆ. ಅದು ಹೊಟ್ಟೆಯಲ್ಲಿ ಹುಣ್ಣು ಮಾಡಿ ಮೂತ್ರಪಿಂಡವನ್ನು ಕೆಡಿಸಬಲ್ಲದು. ಬರಿಯ ಊತ, ನವೆ ಇರುವ ನಾಯಿಗೆ ಅಲರ್ಜಿ ಮಾತ್ರೆಯಿಂದ ಉಪಯೋಗವಾಗುವುದುಂಟು. ಯಾವ ಔಷಧ, ಎಷ್ಟು ಎಂಬುದನ್ನು ತೂಕ ಹೇಳಿ ವೈದ್ಯರನ್ನೇ ಕೇಳಬೇಕು.

ಇನ್ನು ಮಾಡದೇ ಉಳಿದದ್ದು ಒಂದೇ: ಒಸಡು ನೋಡುವುದು. ಇದಕ್ಕೆ ಯಾವ ಉಪಕರಣವೂ ಬೇಡ, ಆದರೆ ಅಭ್ಯಾಸ ಬೇಕು. ಪ್ರಾಣಿ ಆರೋಗ್ಯವಾಗಿರುವ ದಿನಗಳಲ್ಲೇ ತುಟಿ ಎತ್ತಿ, ಕೋರೆಹಲ್ಲಿನ ಮೇಲಿನ ಒಸಡನ್ನು ಬೆರಳಿನಿಂದ ಒತ್ತಿ, ಬಿಳಿಚಿದ ಗುರುತು ಎಷ್ಟು ಬೇಗ ಗುಲಾಬಿಯಾಗುತ್ತದೆ ಎಂದು ನೋಡಿಟ್ಟುಕೊಂಡಿರಬೇಕು. ಹುಟ್ಟಿನಿಂದಲೇ ಒಸಡು ಕಪ್ಪಾಗಿರುವ ನಾಯಿಗಳಲ್ಲಿ ಕಣ್ಣಿನ ಕೆಳರೆಪ್ಪೆಯನ್ನು ಮೆಲ್ಲಗೆ ಎಳೆದು ಅದರ ಒಳಭಾಗದ ಬಣ್ಣ ನೋಡಬಹುದು. ಕುಟುಕಿದ ಮೊದಲ ಅರ್ಧ ಗಂಟೆ ಐದೈದು ನಿಮಿಷಕ್ಕೊಮ್ಮೆ ಹೀಗೆ ನೋಡುತ್ತಿರಬೇಕು, ಅನಂತರವೂ ಆ ದಿನವೆಲ್ಲ ಪ್ರಾಣಿ ಕಣ್ಣಳತೆಯಲ್ಲೇ ಇರಬೇಕು. ಒಸಡು ಬಿಳಿಚಿದರೆ, ನೀಲಿಗಟ್ಟಿದರೆ, ಅಥವಾ ಇಟ್ಟಿಗೆಯಂತೆ ಕೆಂಪಾದರೆ ಹೊರಡುವುದೊಂದೇ ಕೆಲಸ. ಚುಕ್ಕಿಯ ಒಸಡನ್ನು ಮೊದಲ ವಾಂತಿಯಾದಾಗಲೇ ನೋಡಿದ್ದರೆ ಬಣ್ಣ ಆಗಲೇ ಇಳಿದಿತ್ತೇನೋ.

ನೊಣ ನಾಲಿಗೆಗೋ ಗಂಟಲಿಗೋ ಕುಟುಕಿದ್ದರೆ ಲೆಕ್ಕವೇ ಬೇರೆ. ಅಲ್ಲಿ ಅಲರ್ಜಿ ಇಲ್ಲದಿದ್ದರೂ ಊತವೊಂದೇ ಉಸಿರಿನ ದಾರಿಯನ್ನು ಮುಚ್ಚಬಲ್ಲದು, ಮೊಂಡುಮೂತಿಯ ತಳಿಗಳಲ್ಲಿ ಇನ್ನೂ ಬೇಗ. ಜೊಲ್ಲು ಸುರಿಯುವುದು, ಮತ್ತೆ ಮತ್ತೆ ನುಂಗುವುದು, ಉಸಿರಿನೊಂದಿಗೆ ಗೊರಗೊರ ಸದ್ದು, ಇವುಗಳಲ್ಲಿ ಯಾವುದು ಕಂಡರೂ ಮನೆಯಲ್ಲಿ ಕಾಯುವಂತಿಲ್ಲ. ಹಿಂಡು ಎರಗಿ ಹತ್ತಾರು ಕಡೆ ಕುಟುಕಿದ್ದರೂ ಅಷ್ಟೇ. ಆಗ ವಿಷದ ಪ್ರಮಾಣವೇ ರಕ್ತಕಣಗಳನ್ನೂ ಸ್ನಾಯುಗಳನ್ನೂ ಒಡೆದು ಮೂತ್ರಪಿಂಡಕ್ಕೆ ಹಾನಿ ಮಾಡುತ್ತದೆ. ಅದು ಒಂದೆರಡು ದಿನದ ನಂತರ ಕಾಫಿ ಬಣ್ಣದ ಮೂತ್ರವಾಗಿ ಕಾಣಿಸಿಕೊಳ್ಳಬಹುದು. ಆದುದರಿಂದ ಕುಟುಕಿದ ಹೊತ್ತಿನಲ್ಲಿ ಪ್ರಾಣಿ ಚೆನ್ನಾಗಿ ಕಂಡರೂ ಆಸ್ಪತ್ರೆಗೆ ಒಯ್ಯಬೇಕು.

ಅದೇ ಮನೆಯ ಬೆಕ್ಕು

ಚುಕ್ಕಿಯನ್ನು ಮನೆಗೆ ಕರೆದೊಯ್ಯುವಾಗ ಆ ಮಹಿಳೆ ತಮ್ಮ ಬೆಕ್ಕಿನ ಬಗ್ಗೆ ಕೇಳಿದರು. ಒಳ್ಳೆಯ ಪ್ರಶ್ನೆ, ಏಕೆಂದರೆ ನಾಯಿಗೆ ಕಲಿತದ್ದನ್ನು ಹಾಗೆಯೇ ಬೆಕ್ಕಿಗೆ ಅನ್ವಯಿಸಲಾಗದು. ಬೆಕ್ಕಿನಲ್ಲಿ ತೀವ್ರ ಅಲರ್ಜಿಯ ಮೊದಲ ಗುರಿ ಶ್ವಾಸಕೋಶ. ಮುಖ ಕೆರೆದುಕೊಳ್ಳುವುದು, ಜೊಲ್ಲು, ಬಳಿಕ ಬಾಯಿ ತೆರೆದು ಉಸಿರಾಡುವುದು ಕಾಣುತ್ತವೆ. ಬೆಕ್ಕು ಬಾಯಿ ತೆರೆದು ಉಸಿರಾಡಿದರೆ, ಕಾರಣ ಏನೇ ಇರಲಿ, ಅದು ತುರ್ತು ಸ್ಥಿತಿ. ಉಸಿರು ಕಟ್ಟುತ್ತಿರುವ ಬೆಕ್ಕನ್ನು ಹಿಡಿದು ಒತ್ತಿ ಮುಳ್ಳು ಹುಡುಕುವುದರಿಂದ ಅದರ ಸ್ಥಿತಿ ಇನ್ನೂ ಹದಗೆಡುತ್ತದೆ. ಗಾಳಿಯಾಡುವ ಬುಟ್ಟಿಯಲ್ಲಿಟ್ಟು, ಸದ್ದಿಲ್ಲದೆ, ಬೇಗ ತರಬೇಕು. ಪ್ಯಾರಾಸಿಟಮಾಲ್ ಒಂದೇ ಮಾತ್ರೆ ಬೆಕ್ಕಿನ ಪ್ರಾಣ ತೆಗೆಯಬಲ್ಲದು. ಟೀ ಟ್ರೀ ಎಣ್ಣೆಯಂಥ ಸುಗಂಧ ತೈಲಗಳನ್ನು ಕುಟುಕಿದ ಜಾಗಕ್ಕೆ ಹಚ್ಚುವುದೂ ಬೆಕ್ಕಿಗೆ ವಿಷವೇ.

ಮುಂದಿನ ಕ್ರಮ

ಚುಕ್ಕಿಗೆ ಇನ್ನೊಮ್ಮೆ ಕುಟುಕಿದರೆ ಇಷ್ಟೇ ತೀವ್ರವಾಗಿಯೋ ಇನ್ನೂ ತೀವ್ರವಾಗಿಯೋ ಪ್ರತಿಕ್ರಿಯೆ ಬರಬಹುದೆಂದು ಎಣಿಸಿ, ಸ್ವಯಂ ಚುಚ್ಚುವ ಅಡ್ರಿನಲಿನ್ ಪೆನ್ನನ್ನು ಬರೆದುಕೊಟ್ಟೆವು. ಮನುಷ್ಯರಿಗಾಗಿ ತಯಾರಾಗುವ ಈ ಪೆನ್ನುಗಳಲ್ಲಿ ಪ್ರಮಾಣ ಮೊದಲೇ ನಿಗದಿಯಾಗಿರುತ್ತದೆ. ಚಿಕ್ಕ ಮಕ್ಕಳಿಗಾಗಿ ಬರುವ 0.15 ಮಿಲಿಗ್ರಾಮಿನ ಪೆನ್ನು 12 ಕಿಲೋ ತೂಕದ ಈ ನಾಯಿಗೆ ಹತ್ತಿರವಾಗಿ ಹೊಂದುತ್ತದೆ. ಇದಕ್ಕಿಂತ ಬಹಳ ಚಿಕ್ಕ ಪ್ರಾಣಿಗೆ ಅದೇ ಪೆನ್ನು ಅತಿಯಾಗುತ್ತದೆ. ಆದುದರಿಂದ ಪಶುವೈದ್ಯರು ಬರೆದುಕೊಡದೆ, ಚುಚ್ಚುವುದನ್ನು ಕಲಿಯದೆ ಇದನ್ನು ಬಳಸಬಾರದು. ಖಾಲಿ ತರಬೇತಿ ಪೆನ್ನಿನಿಂದ ಅವರ ಕೈಯಲ್ಲೇ ಮೂರು ಬಾರಿ ಮಾಡಿಸಿ ನೋಡಿದೆವು. ವಾಂತಿ, ಕುಸಿತ, ಬಿಳಿಚಿದ ಒಸಡು, ಈ ಮೂರರಲ್ಲಿ ಒಂದು ಕಂಡರೂ ಚುಚ್ಚಿ ಹೊರಡಬೇಕು. ಚುಚ್ಚಿದ ಮೇಲೆ ಸುಧಾರಿಸಿದಂತೆ ಕಂಡರೂ ಬರಬೇಕು, ಏಕೆಂದರೆ ಅಡ್ರಿನಲಿನ್‌ನ ಪ್ರಭಾವ ಹೆಚ್ಚು ಹೊತ್ತು ಉಳಿಯುವುದಿಲ್ಲ. ವಿಷವನ್ನು ಅತ್ಯಲ್ಪ ಪ್ರಮಾಣದಿಂದ ಏರಿಸುತ್ತ ಹೋಗಿ ದೇಹವನ್ನು ಒಗ್ಗಿಸುವ ಚಿಕಿತ್ಸೆಯೂ ನಾಯಿಗಳಿಗೆ ಉಂಟು. ಅದಕ್ಕೆ ದೀರ್ಘಕಾಲ ತಪ್ಪದೆ ಬರಬೇಕಾಗುತ್ತದೆ ಎಂದು ತಿಳಿಸಿದ್ದೇವೆ, ಅವರು ಇನ್ನೂ ನಿರ್ಧರಿಸಿಲ್ಲ.

ಹತ್ತನೆಯ ದಿನದ ರಕ್ತಪರೀಕ್ಷೆಯಲ್ಲಿ ಎಎಲ್‌ಟಿ ಇಳಿಮುಖವಾಗಿತ್ತು, ನಾಲ್ಕನೆಯ ವಾರಕ್ಕೆ ಸಹಜ ಮಟ್ಟಕ್ಕೆ ಬಂದಿತು. ತುಟಿಯ ಮೇಲೆ ಕುಟುಕಿದ ಗುರುತೂ ಉಳಿದಿಲ್ಲ. ಪೆನ್ನನ್ನು ಬಾಗಿಲ ಬಳಿ, ಚುಕ್ಕಿಯ ಹಗ್ಗ ತೂಗುಹಾಕುವ ಕೊಕ್ಕೆಯ ಪಕ್ಕದಲ್ಲೇ ಇಟ್ಟಿದ್ದಾರೆ. ಅದರ ಅವಧಿ ಮುಗಿಯುವ ತಿಂಗಳನ್ನು ನಮ್ಮ ಕಡತದಲ್ಲೂ ಬರೆದುಕೊಂಡಿದ್ದೇವೆ. ಒಂದೇ ಒಂದು ನೊಣ ಕುಟುಕಿ, ಪಾದ ಊದಿ ಬರುವ ನಾಯಿಯ ಮನೆಯವರಿಗೂ ಈಗ ನಾವು ತುಟಿ ಎತ್ತಿ ಒಸಡು ತೋರಿಸಿಯೇ ಕಳುಹಿಸುತ್ತೇವೆ.